ಕಿವಿ ಕೇಳದ ಸೆಂಟರ್ ಫೀಲ್ಡರ್: ವಿಲಿಯಂ ಹೋಯ್ ಪ್ರಕರಣ

ಬೇಸ್‌ಬಾಲ್ ಪಂದ್ಯದಲ್ಲಿ ಅಂಪೈರ್ ಬಲಗೈ ಎತ್ತಿ ‘ಸ್ಟ್ರೈಕ್’ ತೋರಿಸುವುದನ್ನು ನೀವು ಟಿವಿಯಲ್ಲೋ ಮೊಬೈಲಿನಲ್ಲೋ ನೋಡಿರಬಹುದು. ಈ ಸನ್ನೆ ಹುಟ್ಟಿದ್ದು ಒಬ್ಬ ಕಿವುಡ ಆಟಗಾರನಿಗಾಗಿ ಎಂಬ ಕಥೆ ಅಮೆರಿಕದಲ್ಲಿ ಬಹಳ ಕಾಲದಿಂದ ಓಡಾಡುತ್ತಿದೆ. ಆ ಆಟಗಾರ ವಿಲಿಯಂ ಎಲ್ಸ್‌ವರ್ತ್ ಹೋಯ್. 1888ರಿಂದ 1902ರವರೆಗೆ ದೊಡ್ಡ ಲೀಗ್‌ಗಳಲ್ಲಿ (ಮೇಜರ್ ಲೀಗ್) ಆಡಿದವರು. ಹೆಚ್ಚಾಗಿ ಸೆಂಟರ್ ಫೀಲ್ಡ್‌ನಲ್ಲಿ, ಅಂದರೆ ಮೈದಾನದ ದೂರದ ಭಾಗದ ನಟ್ಟನಡುವೆ.

ಆ ಕಥೆ ಕೇಳೋಕೆ ಚೆನ್ನಾಗಿದೆ. ಆದರೆ ಅದರಲ್ಲಿ ಹೋಯ್ ಸುಮ್ನೆ ನಿಂತಿರುತ್ತಾರೆ, ಕರುಣೆಯುಳ್ಳ ಅಂಪೈರ್ ಒಬ್ಬರು ಅವರಿಗಾಗಿ ಕೈ ಎತ್ತುತ್ತಾರೆ. ದಾಖಲೆಗಳನ್ನು ನೋಡಿದರೆ ಸಿಗುವ ಮನುಷ್ಯನೇ ಬೇರೆ. ತನ್ನ ತೊಂದರೆ ಎಲ್ಲಿದೆ ಅಂತ ಸರಿಯಾಗಿ ಗುರುತಿಸಿ, ಯಾರ ಅನುಮತಿಗೂ ಕಾಯದೆ ತಾನೇ ದಾರಿ ಮಾಡಿಕೊಂಡ ಮನುಷ್ಯ ಅವರು. ಈ ಪ್ರಕರಣವನ್ನು ಬಿಡಿಸಿ ನೋಡಬೇಕು ಅನ್ನಿಸಿದ್ದು ಅದಕ್ಕೇ.

ಹೌಕ್‌ಟೌನ್‌ನ ಬೂಟಿನ ಅಂಗಡಿ

ಹೋಯ್ ಹುಟ್ಟಿದ್ದು 1862ರ ಮೇ 23ರಂದು, ಒಹಾಯೊ ರಾಜ್ಯದ ಹೌಕ್‌ಟೌನ್ ಎಂಬ ಸಣ್ಣ ಊರಿನಲ್ಲಿ. ರೈತರ ಮನೆ. ಮೂರು ವರ್ಷದ ಹೊತ್ತಿಗೆ ಮೆನಿಂಜೈಟಿಸ್ ಜ್ವರ ಬಂದು ಕಿವಿ ಹೋಯಿತು. ಮುಂದೆ ಕೊಲಂಬಸ್‌ನಲ್ಲಿದ್ದ ಒಹಾಯೊ ಕಿವುಡರ ಶಾಲೆಗೆ ಸೇರಿದರು. 1879ರಲ್ಲಿ ಅಲ್ಲಿಂದ ಹೊರಬಂದದ್ದು ತರಗತಿಗೇ ಮೊದಲಿಗರಾಗಿ. ಓದಿನ ಜೊತೆಗೆ ಬೂಟು ಹೊಲಿಯುವ ಕೆಲಸವನ್ನೂ ಕಲಿತಿದ್ದರು.

ಊರಿಗೆ ಬಂದು ಬೂಟು ರಿಪೇರಿ ಅಂಗಡಿಯಲ್ಲಿ ಕೂತರು. ಬೇಸಿಗೆಯಲ್ಲಿ ಹಳ್ಳಿಯ ಜನ ಬರಿಗಾಲಲ್ಲೇ ಓಡಾಡುತ್ತಿದ್ದರಿಂದ ಆಗ ವ್ಯಾಪಾರ ಕಡಿಮೆ. ಬಿಡುವು ಸಿಕ್ಕಾಗ ಊರಿನ ಹುಡುಗರ ಜೊತೆ ಬೇಸ್‌ಬಾಲ್ ಆಡುತ್ತಿದ್ದರು. ದಾರಿಹೋಕರೊಬ್ಬರು ಅದನ್ನು ನೋಡಿ ಒಂದು ಪಂದ್ಯ ಆಡಲು ಕರೆದೊಯ್ದರು. ಅಲ್ಲಿ ದುಡ್ಡು ಪಡೆದು ಆಡುವ ಪಿಚರ್‌ (ಚೆಂಡು ಎಸೆಯುವವ) ಒಬ್ಬನ ಎಸೆತಗಳನ್ನೇ ಚೆನ್ನಾಗಿ ಹೊಡೆದ ಮೇಲೆ ಹೋಯ್‌ಗೆ ತಮ್ಮ ಮೇಲೆ ನಂಬಿಕೆ ಬಂತು. ಹೊಟ್ಟೆಪಾಡಿಗೂ ಈ ಆಟವನ್ನೇ ಆಡಬಹುದು ಅಂತ.

ಅವರ ಎತ್ತರ ಹೆಚ್ಚೆಂದರೆ ಐದೂವರೆ ಅಡಿ. ಆ ಕಾಲದಲ್ಲೂ ಅದು ಕಡಿಮೆಯೇ.

ಕಿವುಡರು ವೃತ್ತಿ ಬೇಸ್‌ಬಾಲ್ ಆಡುವುದು ಆಗ ಪೂರ್ತಿ ಹೊಸದೇನಲ್ಲ. ಅದೇ ಒಹಾಯೊ ಶಾಲೆಯಲ್ಲಿ ಓದಿದ ಎಡ್ ಡಂಡನ್ 1883ರಲ್ಲೇ ಕೊಲಂಬಸ್ ತಂಡಕ್ಕೆ ಪಿಚರ್ ಆಗಿದ್ದರು. ಅವರೇ ದೊಡ್ಡ ಲೀಗ್‌ನ ಮೊದಲ ಕಿವುಡ ಆಟಗಾರ. ಆ ಕಾಲದ ಪತ್ರಿಕೆಗಳು ಇಂಥ ಆಟಗಾರರಿಗೆಲ್ಲ ‘ಡಮ್ಮಿ’ (ಮೂಕ) ಅಂತ ಒಂದೇ ಅಡ್ಡಹೆಸರು ಅಂಟಿಸುತ್ತಿದ್ದವು. ಇಂದಿಗೂ ದಾಖಲೆ ಪುಸ್ತಕಗಳಲ್ಲಿ ಅವರು ‘ಡಮ್ಮಿ ಹೋಯ್’ ಆಗಿಯೇ ಇದ್ದಾರೆ. ನಾನು ಇಲ್ಲಿ ಆ ಹೆಸರು ಬಳಸುವುದಿಲ್ಲ.

ಓಶ್‌ಕಾಶ್, 1886: ತೊಂದರೆ ಎಲ್ಲಿತ್ತು?

ಕ್ರಿಕೆಟ್ ನೋಡಿ ಬೆಳೆದ ನಮಗೆ ಒಂದು ವಿಷಯ ಮೊದಲು ಗೊತ್ತಾಗಬೇಕು. ಬೇಸ್‌ಬಾಲ್‌ನಲ್ಲಿ ಬ್ಯಾಟರ್ ಹೊಡೆಯದೆ ಬಿಟ್ಟ ಪ್ರತಿ ಎಸೆತಕ್ಕೂ ಅಂಪೈರ್ ತೀರ್ಪು ಕೊಡುತ್ತಾರೆ. ಚೆಂಡು ಸರಿಯಾದ ಜಾಗದಲ್ಲಿ ಬಂದರೆ ಅದು ಸ್ಟ್ರೈಕ್. ಆಚೆ ಈಚೆ ಹೋದರೆ ಅದನ್ನು ‘ಬಾಲ್’ ಎನ್ನುತ್ತಾರೆ. ಇಂದಿನ ನಿಯಮದಲ್ಲಿ ಮೂರು ಸ್ಟ್ರೈಕ್ ಆದರೆ ಔಟ್. ಓಟಗಾರ ಒಂದೊಂದಾಗಿ ಮುಟ್ಟಬೇಕಾದ ಗುರುತುಗಳಿಗೆ ಬೇಸ್ ಅಂತ ಹೆಸರು. ನಾಲ್ಕು ಬಾಲ್ ಆದರೆ ಹೊಡೆಯದೆಯೇ ಮೊದಲ ಬೇಸ್‌ಗೆ ಹೋಗಬಹುದು, ಅದಕ್ಕೆ ‘ವಾಕ್’ ಅಂತಾರೆ. ಅಂದರೆ ಎಷ್ಟು ಸ್ಟ್ರೈಕ್, ಎಷ್ಟು ಬಾಲ್ ಆಗಿದೆ ಎಂಬ ಲೆಕ್ಕ ತಲೆಯಲ್ಲಿ ಇರಲೇಬೇಕು. ಮುಂದಿನ ಎಸೆತಕ್ಕೆ ಬ್ಯಾಟ್ ಬೀಸಬೇಕೋ ಬೇಡವೋ ಅನ್ನುವುದೆಲ್ಲ ಆ ಲೆಕ್ಕದ ಮೇಲೆ ನಿಂತಿದೆ.

1880ರ ದಶಕದಲ್ಲಿ ಅಂಪೈರ್ ಈ ತೀರ್ಪನ್ನು ಬಾಯಲ್ಲಿ ಕೂಗುತ್ತಿದ್ದರು. ಕೈಸನ್ನೆ ಇರಲಿಲ್ಲ. ಕ್ರಿಕೆಟ್ ಅಂಪೈರ್‌ನಂತೆ ಅವರು ಬ್ಯಾಟರ್‌ನ ಎದುರಿಗೂ ನಿಲ್ಲುತ್ತಿರಲಿಲ್ಲ.

1886ರಲ್ಲಿ ಹೋಯ್ ವಿಸ್ಕಾನ್ಸಿನ್ ರಾಜ್ಯದ ಓಶ್‌ಕಾಶ್ ತಂಡ ಸೇರಿದರು. ಅದು ನಾರ್ತ್‌ವೆಸ್ಟರ್ನ್ ಲೀಗ್‌ನ ತಂಡ, ದೊಡ್ಡ ಲೀಗ್‌ಗಿಂತ ಕೆಳಗಿನ ಮೆಟ್ಟಿಲು. ಆ ವರ್ಷ ಅವರ ಬ್ಯಾಟಿಂಗ್ ಸರಾಸರಿ .219. ಹತ್ತು ಸಲ ಬ್ಯಾಟ್ ಹಿಡಿದು ನಿಂತರೆ ಹಿಟ್ (ಚೆಂಡು ಹೊಡೆದು ಔಟಾಗದೆ ಬೇಸ್ ತಲುಪುವುದು) ಸಿಗುತ್ತಿದ್ದದ್ದು ಎರಡು ಸಲಕ್ಕಿಂತ ಸ್ವಲ್ಪ ಜಾಸ್ತಿ ಅಷ್ಟೇ. ಇಂಥ ಅಂಕಿ ಬಂದರೆ ಕೆಲಸ ಹೋಗುವುದೇ ಹೆಚ್ಚು.

ಕಾರಣ ಏನು? ಒಂದೊಂದು ಎಸೆತ ಬಂದ ಮೇಲೂ ಹೋಯ್ ಹಿಂದೆ ತಿರುಗಿ, ಇದು ಸ್ಟ್ರೈಕೋ ಬಾಲೋ ಅಂತ ಅಂಪೈರ್‌ರನ್ನು ಕೇಳಬೇಕಿತ್ತು. ಅವರು ಮತ್ತೆ ಮುಂದೆ ತಿರುಗಿ ಕಾಲು ಊರುವಷ್ಟರಲ್ಲಿ ಪಿಚರ್ ಮುಂದಿನ ಚೆಂಡು ಎಸೆದುಬಿಡುತ್ತಿದ್ದ. ಎದುರಾಳಿಗಳಿಗೆ ಇದು ಬೇಗ ಗೊತ್ತಾಯಿತು. ಗೊತ್ತಾದ ಮೇಲೆ ಸುಮ್ಮನಿರುತ್ತಾರಾ?

ಇಲ್ಲಿ ಸ್ವಲ್ಪ ನಿಲ್ಲಬೇಕು. ಹೋಯ್ ಅವರ ಕಣ್ಣು ಚೆನ್ನಾಗಿತ್ತು. ಕೈ ಚುರುಕಾಗಿತ್ತು. ಕಿವಿ ಕೇಳದಿದ್ದರಿಂದ ಚೆಂಡು ಹೊಡೆಯುವ ಶಕ್ತಿ ಏನೂ ಕಡಿಮೆಯಾಗಿರಲಿಲ್ಲ. ಅವರಿಗೆ ಸಮಯಕ್ಕೆ ಸರಿಯಾಗಿ ಸಿಗದೆ ಇದ್ದದ್ದು ಒಂದೇ ಒಂದು ಮಾಹಿತಿ. ಉಳಿದ ಬ್ಯಾಟರ್‌ಗಳಿಗೆ ಅದು ಬೆನ್ನ ಹಿಂದಿನಿಂದ ಪುಕ್ಕಟೆಯಾಗಿ ಸಿಗುತ್ತಿತ್ತು. ಹೋಯ್ ಮಾತ್ರ ಅದಕ್ಕಾಗಿ ಪ್ರತಿ ಸಲ ಪಿಚರ್ ಮೇಲಿನ ಕಣ್ಣು ತೆಗೆಯಬೇಕಿತ್ತು.

ಮೂರನೇ ಬೇಸ್ ಪಕ್ಕದ ಗೆಳೆಯ

1887ರಲ್ಲಿ ಹೋಯ್ ಒಂದು ಏರ್ಪಾಡು ಮಾಡಿಕೊಂಡರು. ಮೂರನೇ ಬೇಸ್ ಹತ್ತಿರ ಬ್ಯಾಟಿಂಗ್ ತಂಡದವರೇ ಒಬ್ಬರು ಕೋಚ್ ಆಗಿ ನಿಂತಿರುತ್ತಾರೆ. ಅಂಪೈರ್ ಕೂಗಿದ್ದನ್ನು ಕೇಳಿಸಿಕೊಂಡು ಅವರು ಕೈ ಎತ್ತಬೇಕು. ಸ್ಟ್ರೈಕ್ ಆದರೆ ಬಲಗೈ, ಬಾಲ್ ಆದರೆ ಎಡಗೈ. ಇಷ್ಟೇ.

ಇದು ಎಷ್ಟು ಸರಳವಾಗಿದೆಯೋ ಅಷ್ಟೇ ಜಾಣತನದ್ದು. ಹೋಯ್ ಎಡಗೈ ಬ್ಯಾಟರ್. ಎಡಗೈ ಬ್ಯಾಟರ್ ನಿಂತಾಗ ಮುಖ, ಎದೆ ಎರಡೂ ಮೂರನೇ ಬೇಸ್ ಕಡೆಗೆ ಇರುತ್ತವೆ. ಕೋಚ್ ಕೈ ನೋಡಲು ಅವರು ಹಿಂದೆ ತಿರುಗಬೇಕಿರಲಿಲ್ಲ, ಕಾಲು ಕದಲಿಸಬೇಕಿರಲಿಲ್ಲ. ಪಿಚರ್‌ನಿಂದ ಕಣ್ಣು ಒಂಚೂರು ಸರಿಸಿದರೆ ಸಾಕು. ಅಂಪೈರ್ ಒಪ್ಪಬೇಕಿಲ್ಲ, ಲೀಗ್ ನಿಯಮ ತಿದ್ದಬೇಕಿಲ್ಲ, ಎದುರಾಳಿ ಸಹಕರಿಸಬೇಕಿಲ್ಲ. ಯಾವ ಊರಿಗೆ ಆಡಲು ಹೋದರೂ ಅವರದೇ ತಂಡದವರೊಬ್ಬರು ಆ ಜಾಗದಲ್ಲಿ ನಿಂತಿರುತ್ತಾರಲ್ವಾ? ಏರ್ಪಾಡು ಅವರ ಜೊತೆಗೇ ಪ್ರಯಾಣ ಮಾಡುತ್ತಿತ್ತು.

ಆ ವರ್ಷ ಅವರ ಸರಾಸರಿ .367ಕ್ಕೆ ಏರಿತು. ಓಶ್‌ಕಾಶ್ ತಂಡ ಲೀಗ್ ಗೆದ್ದಿತು.

.219 ಮತ್ತು .367 ಎರಡನ್ನೂ ಪಕ್ಕಪಕ್ಕ ಇಟ್ಟು ‘ನೋಡಿ, ಸನ್ನೆಯ ಮಹಿಮೆ’ ಅನ್ನುವವರು ಬಹಳ ಮಂದಿ. ಹಾಗೆ ಹೇಳುವುದು ಪೂರ್ತಿ ನ್ಯಾಯವಲ್ಲ. 1887 ಬೇಸ್‌ಬಾಲ್ ಇತಿಹಾಸದಲ್ಲೇ ವಿಚಿತ್ರ ವರ್ಷ. ದೊಡ್ಡ ಲೀಗ್‌ಗಳು ಆ ಒಂದೇ ವರ್ಷಕ್ಕೆ ಬ್ಯಾಟರ್‌ಗೆ ನಾಲ್ಕು ಸ್ಟ್ರೈಕ್ ಕೊಟ್ಟವು. ವಾಕ್ ಸಿಕ್ಕರೂ ಅದನ್ನು ಹಿಟ್ ಅಂತಲೇ ಲೆಕ್ಕ ಹಾಕಿದವು. ಎಲ್ಲರ ಸರಾಸರಿಯೂ ಉಬ್ಬಿತು. ಆ ಗಾಳಿ ಓಶ್‌ಕಾಶ್‌ನ ಅಂಕಿಗಳಲ್ಲೂ ಇರಬಹುದು ಅಂತ ಇಟ್ಟುಕೊಂಡೇ ಓದಬೇಕು. ಹೋಯ್‌ಗೆ ಆಟದ ಅನುಭವವೂ ಒಂದು ವರ್ಷ ಹೆಚ್ಚಾಗಿತ್ತು.

ಹಾಗಾಗಿ ಏರ್ಪಾಡು ನಿಜಕ್ಕೂ ಕೆಲಸ ಮಾಡಿತೇ ಅಂತ ತಿಳಿಯಲು 1888ನ್ನು ನೋಡಬೇಕು. ನಿಯಮ ಮತ್ತೆ ಮೂರು ಸ್ಟ್ರೈಕ್‌ಗೆ ಇಳಿಯಿತು. ಲೀಗ್‌ನ ಸರಾಸರಿಗಳೆಲ್ಲ ಕುಸಿದವು. ಹೋಯ್ ಮೇಲಿನ ಮೆಟ್ಟಿಲು ಹತ್ತಿ ನ್ಯಾಷನಲ್ ಲೀಗ್‌ನ ವಾಷಿಂಗ್ಟನ್ ತಂಡಕ್ಕೆ ಬಂದರು. ತಂಡ ಕೊನೆಯ ಸ್ಥಾನದಲ್ಲಿತ್ತು. ಅಂಥ ವರ್ಷದಲ್ಲಿ, ಅಂಥ ತಂಡದಲ್ಲಿ, ಮೊದಲ ಸಲ ದೊಡ್ಡ ಲೀಗ್ ಆಡುತ್ತಿದ್ದ ಹೋಯ್ .274 ಹೊಡೆದರು. 82 ಬೇಸ್ ಕದ್ದು, ಅಂದರೆ ಜೊತೆಗಾರ ಹೊಡೆಯುವುದಕ್ಕೆ ಕಾಯದೆ ಮುಂದಿನ ಬೇಸ್‌ಗೆ ಓಡಿ, ಇಡೀ ಲೀಗ್‌ಗೆ ಮೊದಲಿಗರಾದರು. ಬೇಸ್ ಕದಿಯುವ ಲೆಕ್ಕ ಆಗ ಸ್ವಲ್ಪ ಉದಾರವಾಗಿತ್ತು ನಿಜ. ಜೊತೆಗಾರನ ಹಿಟ್‌ನಲ್ಲಿ ಒಂದು ಬೇಸ್ ಹೆಚ್ಚು ಓಡಿದರೂ ಅದಕ್ಕೆ ಸೇರಿಸುತ್ತಿದ್ದರು. ಆದರೆ ಆ ಉದಾರತನ ಎಲ್ಲರಿಗೂ ಇತ್ತು. ಎಲ್ಲರಿಗಿಂತ ಮುಂದೆ ಹೋದವರು ಹೋಯ್.

ನನಗೆ ಇದಕ್ಕಿಂತ ದೊಡ್ಡ ಸಾಕ್ಷಿ ಅನ್ನಿಸುವುದು ವಾಕ್‌ಗಳ ಲೆಕ್ಕ. ವಾಕ್ ಬೇಕೆಂದರೆ ಎಣಿಕೆ ಗೊತ್ತಿರಬೇಕು, ಕೆಟ್ಟ ಚೆಂಡನ್ನು ಬಿಡುವ ತಾಳ್ಮೆ ಬೇಕು. 1886ರಲ್ಲಿ ಹೋಯ್‌ಗೆ ಸಿಗದೆ ಇದ್ದದ್ದೇ ಆ ಎಣಿಕೆ. ಅದೇ ಮನುಷ್ಯ 1891ರಲ್ಲಿ ಆಗಿನ ಇನ್ನೊಂದು ದೊಡ್ಡ ಲೀಗ್ ಆದ ಅಮೆರಿಕನ್ ಅಸೋಸಿಯೇಷನ್‌ನಲ್ಲಿ ಅತಿ ಹೆಚ್ಚು ವಾಕ್ ಪಡೆದರು. ಹತ್ತು ವರ್ಷ ಬಿಟ್ಟು 1901ರಲ್ಲಿ, 39ನೇ ವಯಸ್ಸಿನಲ್ಲಿ, 86 ವಾಕ್‌ಗಳೊಂದಿಗೆ ಅಮೆರಿಕನ್ ಲೀಗ್‌ಗೂ ಮೊದಲಿಗರಾದರು. ಇಡೀ ವೃತ್ತಿಯಲ್ಲಿ ಸಾವಿರಕ್ಕೂ ಹೆಚ್ಚು ವಾಕ್. ಯಾವ ಲೆಕ್ಕ ಅವರಿಗೆ ಕೇಳಿಸುತ್ತಿರಲಿಲ್ಲವೋ ಅದೇ ಅವರ ದೊಡ್ಡ ಬಲವಾಯಿತು.

ಔಟ್‌ಫೀಲ್ಡ್‌ನಲ್ಲಿ ಧ್ವನಿ

ಬ್ಯಾಟಿಂಗ್‌ಗೆ ದಾರಿ ಆಯಿತು. ಫೀಲ್ಡಿಂಗ್‌ನಲ್ಲಿ ಇದ್ದ ಅಪಾಯ ಬೇರೆ ತರಹದ್ದು. ಸೆಂಟರ್ ಫೀಲ್ಡರ್‌ನ ಎರಡೂ ಪಕ್ಕ ಔಟ್‌ಫೀಲ್ಡರ್‌ಗಳು ಇರುತ್ತಾರೆ, ಮುಂದೆ ಶಾರ್ಟ್‌ಸ್ಟಾಪ್ ಮತ್ತು ಎರಡನೇ ಬೇಸ್‌ನವರು. ಚೆಂಡು ಮೇಲೆದ್ದಾಗ ಎಲ್ಲರೂ ತಲೆ ಎತ್ತಿ ಓಡುತ್ತಾರೆ. ‘ನಂದು, ನಂದು’ ಅಂತ ಕೂಗುವುದರಿಂದಲೇ ಡಿಕ್ಕಿ ತಪ್ಪುವುದು. ನಮ್ಮ ಕ್ರಿಕೆಟ್‌ನಲ್ಲೂ ಹಾಗೇ ತಾನೇ.

ಹೋಯ್ ತಂಡದ ಜೊತೆಗಾರರಿಗೆ ಇದನ್ನು ಬರವಣಿಗೆಯಲ್ಲೇ ತಿಳಿಸಿದರು. ಅದರ ಸಾರ ಇಷ್ಟು: ಚೆಂಡು ನಾನು ಹಿಡಿಯುವುದಾದರೆ ನಾನು ಕೂಗುತ್ತೇನೆ. ನನ್ನ ಕೂಗು ಕೇಳದಿದ್ದರೆ ನಾನು ಅದರ ಹಿಂದೆ ಇಲ್ಲ, ನೀವು ಹಿಡಿಯಿರಿ. ಬೇರೆಯವರು ಕೂಗುವುದು ಅವರಿಗೆ ಕೇಳುವುದಿಲ್ಲ. ಹಾಗಾಗಿ ತೀರ್ಮಾನ ಯಾವಾಗಲೂ ಅವರ ಕಡೆಯಿಂದಲೇ ಬರುವಂತೆ ಮಾಡಿದರು.

1902ರಲ್ಲಿ ಸಿನ್ಸಿನಾಟಿಯಲ್ಲಿ ಅವರ ಪಕ್ಕದಲ್ಲೇ ಆಡಿದ ಸ್ಯಾಮ್ ಕ್ರಾಫರ್ಡ್ ಬಹಳ ವರ್ಷಗಳ ಮೇಲೆ ಇದನ್ನು ನೆನೆಸಿಕೊಂಡಿದ್ದಾರೆ. ಹೋಯ್ ಗಂಟಲಿನಿಂದ ಕೀರಲು ದನಿಯೊಂದು ಬರುತ್ತಿತ್ತಂತೆ. ಅದು ಕೇಳಿದರೆ ಚೆಂಡು ಹೋಯ್‌ದು. ತಮ್ಮಿಬ್ಬರ ನಡುವೆ ಗಲಿಬಿಲಿಯೇ ಆಗಲಿಲ್ಲ ಅಂತ ಕ್ರಾಫರ್ಡ್ ಹೇಳಿದ್ದರು. ಯೋಚನೆ ಮಾಡಿ: ತನ್ನ ದನಿ ತನಗೇ ಕೇಳದ ಮನುಷ್ಯ, ಸಾವಿರಾರು ಜನರ ಮುಂದೆ ಗಟ್ಟಿಯಾಗಿ ಕೂಗಬೇಕು. ಜನ ನಕ್ಕರೂ ಅವರಿಗೆ ಕೇಳುವುದಿಲ್ಲ, ಆದರೆ ಕಾಣುತ್ತದೆ. ಇದಕ್ಕೆ ಎಷ್ಟು ಧೈರ್ಯ ಬೇಕು!

ಅವರ ತೋಳಿನ ಬಲಕ್ಕೆ ಒಂದು ದಿನದ ದಾಖಲೆ ಸಾಕು. 1889ರ ಜೂನ್ 19. ವಾಷಿಂಗ್ಟನ್ ಮತ್ತು ಇಂಡಿಯಾನಾಪೊಲಿಸ್ ನಡುವಿನ ಪಂದ್ಯ. ಔಟ್‌ಫೀಲ್ಡ್‌ನಿಂದ ನೇರ ಹೋಮ್ ಪ್ಲೇಟ್‌ಗೆ (ಬ್ಯಾಟರ್ ನಿಲ್ಲುವ, ರನ್ ಮುಗಿಯುವ ಜಾಗ) ಚೆಂಡು ಎಸೆದು, ಒಂದೇ ಪಂದ್ಯದಲ್ಲಿ ಮೂವರು ಓಟಗಾರರನ್ನು ಹೋಯ್ ಔಟ್ ಮಾಡಿಸಿದರು. ಚೆಂಡು ಹಿಡಿದ ಕ್ಯಾಚರ್ (ನಮ್ಮ ವಿಕೆಟ್ ಕೀಪರ್ ಇದ್ದಂತೆ) ಕಾನಿ ಮ್ಯಾಕ್. ಮುಂದೆ ಅರ್ಧ ಶತಮಾನ ಫಿಲಡೆಲ್ಫಿಯಾ ತಂಡದ ಮ್ಯಾನೇಜರ್ ಆಗಿದ್ದವರು ಇವರೇ. ಒಬ್ಬ ಔಟ್‌ಫೀಲ್ಡರ್ ಒಂದು ಪಂದ್ಯದಲ್ಲಿ ಹೀಗೆ ಮೂರು ಸಲ ಮಾಡುವುದು ಇಂದಿಗೂ ತೀರಾ ಅಪರೂಪ.

ಪ್ರೇಕ್ಷಕರೂ ತಾವಾಗಿಯೇ ಒಂದು ದಾರಿ ಕಂಡುಕೊಂಡರು. ಹೋಯ್ ಒಳ್ಳೆ ಕ್ಯಾಚ್ ಹಿಡಿದಾಗ ಚಪ್ಪಾಳೆ ತಟ್ಟಿ ಏನು ಪ್ರಯೋಜನ? ಎದ್ದು ನಿಂತು ಟೋಪಿ, ಕೈ ಬೀಸುತ್ತಿದ್ದರು ಅಂತ ಆಗಿನ ಪತ್ರಿಕೆಯೇ ಬರೆದಿದೆ.

ತಂಡಗಳ ಪಟ್ಟಿ ಉದ್ದವಿದೆ. ವಾಷಿಂಗ್ಟನ್, ಬಫಲೊ, ಸೇಂಟ್ ಲೂಯಿಸ್, ಮತ್ತೆ ವಾಷಿಂಗ್ಟನ್, ಸಿನ್ಸಿನಾಟಿ, ಲೂಯಿವಿಲ್, ಷಿಕಾಗೊ, ಕೊನೆಗೆ ಮತ್ತೆ ಸಿನ್ಸಿನಾಟಿ. ಒಟ್ಟು 2,000ಕ್ಕೂ ಹೆಚ್ಚು ಹಿಟ್, 600ರ ಹತ್ತಿರ ಕದ್ದ ಬೇಸ್, ಸರಾಸರಿ ಸುಮಾರು .288. 1901ರಲ್ಲಿ ಅಮೆರಿಕನ್ ಲೀಗ್ ದೊಡ್ಡ ಲೀಗ್ ಆದ ಮೊದಲ ವರ್ಷವೇ ಅದನ್ನು ಗೆದ್ದ ಷಿಕಾಗೊ ತಂಡದಲ್ಲೂ ಅವರಿದ್ದರು.

1902ರ ಮೇ 16ರಂದು ನಡೆದ ಒಂದು ಪಂದ್ಯವನ್ನು ಮಾತ್ರ ಬಿಡಲಾರೆ. ನ್ಯೂಯಾರ್ಕ್ ಜೈಂಟ್ಸ್ ತಂಡದ ಪಿಚರ್ ಲೂಥರ್ ಟೇಲರ್ ಕೂಡ ಕಿವುಡರು, ಕ್ಯಾನ್ಸಸ್‌ನವರು. ಹೋಯ್ ಬ್ಯಾಟ್ ಹಿಡಿದು ಬಂದಾಗ ಇಬ್ಬರೂ ಕೈಸನ್ನೆಯಲ್ಲೇ ಕುಶಲ ಮಾತಾಡಿಕೊಂಡರು. ದೊಡ್ಡ ಲೀಗ್‌ನಲ್ಲಿ ಇಬ್ಬರು ಕಿವುಡ ಆಟಗಾರರು ಹೀಗೆ ಎದುರುಬದುರಾದದ್ದು ಅದೇ ಮೊದಲು.

ಹಾಗಾದರೆ ಅಂಪೈರ್ ಸನ್ನೆ ಯಾರದು?

ಈಗ ಆ ಪ್ರಸಿದ್ಧ ಕಥೆಗೆ ಬರೋಣ. ಹೋಯ್ ಆಡಿದ ವರ್ಷಗಳ ಪತ್ರಿಕೆಗಳನ್ನು ಇತಿಹಾಸಕಾರರು ಜಾಲಾಡಿದ್ದಾರೆ. ಅಂಪೈರ್‌ಗಳು ಹೋಯ್‌ಗಾಗಿ ಸ್ಟ್ರೈಕ್, ಬಾಲ್ ಸನ್ನೆ ಮಾಡಿದರು ಅನ್ನುವುದಕ್ಕೆ ಗಟ್ಟಿ ಸಾಕ್ಷಿ ಸಿಕ್ಕಿಲ್ಲ. ಹೋಯ್ ಅವರೇ ತಮ್ಮ ಪದ್ಧತಿಯನ್ನು ವಿವರಿಸಿದಾಗ ಹೇಳಿದ್ದು ಮೂರನೇ ಬೇಸ್‌ನ ಕೋಚ್ ಬಗ್ಗೆ.

ಅಂಪೈರ್ ಕೈಸನ್ನೆ ಮಾಡಿದ ಒಂದು ಹಳೆಯ ಉದಾಹರಣೆ ಮಾತ್ರ ಖಚಿತವಾಗಿದೆ. 1886ರ ಅಕ್ಟೋಬರ್ 20ರಂದು, ಅಲಬಾಮಾದ ಮೊಬೀಲ್ ಊರಿನಲ್ಲಿ. ಆ ದಿನ ಅಂಪೈರ್ ಆಗಿ ನಿಂತವರು ಬೇರಾರೂ ಅಲ್ಲ, ಹೋಯ್ ಓದಿದ ಶಾಲೆಯಿಂದಲೇ ಬಂದ ಎಡ್ ಡಂಡನ್. ಬಲಗೈ ಬೆರಳುಗಳಲ್ಲಿ ಸ್ಟ್ರೈಕ್, ಎಡಗೈ ಬೆರಳುಗಳಲ್ಲಿ ಬಾಲ್ ತೋರಿಸಿದರು ಅಂತ ಆಗಿನ ವರದಿ ಹೇಳುತ್ತದೆ. ಮರುವರ್ಷ ಹೋಯ್ ಬಳಸಿದ್ದೂ ಇದೇ ಬಲಗೈ-ಎಡಗೈ ಕ್ರಮ. ಒಬ್ಬರಿಂದ ಒಬ್ಬರು ಕಲಿತರೋ, ಸನ್ನೆ ಭಾಷೆಯಲ್ಲಿ ಬೆಳೆದ ಇಬ್ಬರಿಗೂ ಅದು ಸಹಜವಾಗಿ ಹೊಳೆಯಿತೋ, ಎರಡೂ ಸಾಧ್ಯ.

ಮಾಮೂಲಿ ಅಂಪೈರ್‌ಗಳು ಸನ್ನೆಗೆ ಬಂದದ್ದು ಇದಾದ ಸುಮಾರು ಇಪ್ಪತ್ತು ವರ್ಷಕ್ಕೆ. 1905ರಲ್ಲಿ ಇಂಡಿಯಾನಾದ ಇವಾನ್ಸ್‌ವಿಲ್‌ನಲ್ಲಿ ಸೈ ರಿಗ್ಲರ್ ಎಂಬ ಅಂಪೈರ್ ಸ್ಟ್ರೈಕ್‌ಗೆ ಬಲಗೈ ಎತ್ತಿದರು. ಅದೇ ವರ್ಷ ನ್ಯಾಷನಲ್ ಲೀಗ್‌ಗೆ ಬಂದ ಅಂಪೈರ್ ಬಿಲ್ ಕ್ಲೆಮ್ ಹೆಸರಿಗೆ ಕೂಪರ್ಸ್‌ಟೌನ್‌ನಲ್ಲಿರುವ, ಬೇಸ್‌ಬಾಲ್ ದಿಗ್ಗಜರ ಗೌರವ ಭವನವಾದ ಹಾಲ್ ಆಫ್ ಫೇಮ್‌ನ ಫಲಕ ಈ ಗೌರವ ಕೊಟ್ಟಿದೆ. ಆ ಹೊತ್ತಿಗೆ ಮೈದಾನಗಳು ದೊಡ್ಡದಾಗಿದ್ದವು. ಜನಜಂಗುಳಿಯಲ್ಲಿ ಅಂಪೈರ್ ಕೂಗು ಯಾರಿಗೂ ಕೇಳುತ್ತಿರಲಿಲ್ಲ. ಮೊದಮೊದಲು ಅಂಪೈರ್‌ಗಳು ಕೈ ಬೀಸಲು ಹಿಂಜರಿದರು, ಅದು ತಮ್ಮ ಘನತೆಗೆ ಕುಂದು ಅಂದುಕೊಂಡರು ಅಂತ ಸ್ಪಾಲ್ಡಿಂಗ್ ಕಂಪನಿಯ 1909ರ ಬೇಸ್‌ಬಾಲ್ ಕೈಪಿಡಿ ಬರೆದಿದೆ. ಕಿವಿ ಕೇಳುವವರಿಗೂ ಕೇಳದಂತಾದ ಮೇಲೆ ಸನ್ನೆ ಎಲ್ಲರಿಗೂ ಬೇಕಾಯಿತು.

ನನ್ನ ಅಭಿಪ್ರಾಯ ಇಷ್ಟು. ‘ಅಂಪೈರ್ ಸನ್ನೆ ಹೋಯ್‌ಗಾಗಿ ಬಂತು’ ಅನ್ನುವುದು ದಾಖಲೆಗೆ ಮೀರಿದ ಮಾತು. ‘ಕ್ಲೆಮ್ ಕಂಡುಹಿಡಿದರು’ ಅನ್ನುವುದೂ ಅಷ್ಟೇ ದುಡುಕಿನ ಮಾತು. ಸ್ಟ್ರೈಕ್‌ಗೆ ಬಲಗೈ ಅನ್ನುವ ಸನ್ನೆಯನ್ನು ವೃತ್ತಿ ಬೇಸ್‌ಬಾಲ್ ಮೈದಾನದಲ್ಲಿ ಕಿವುಡ ಆಟಗಾರರು 1880ರ ದಶಕದಲ್ಲೇ ಬಳಸುತ್ತಿದ್ದರು. ಇದು ಗಟ್ಟಿ ಸತ್ಯ.

ಆಟ ಬಿಟ್ಟ ಮೇಲೆ

1903ರಲ್ಲಿ ಹೋಯ್ ಲಾಸ್ ಏಂಜಲೀಸ್ ತಂಡಕ್ಕೆ ಪೆಸಿಫಿಕ್ ಕೋಸ್ಟ್ ಲೀಗ್‌ನಲ್ಲಿ ಆಡಿದರು. 41ರ ವಯಸ್ಸಿನಲ್ಲಿ 200ಕ್ಕೂ ಹೆಚ್ಚು ಪಂದ್ಯ! ತಂಡ ಗೆದ್ದಿತು, ಹೋಯ್ ನಿವೃತ್ತರಾದರು.

ಅವರ ಹೆಂಡತಿ ಅನ್ನಾ ಲೋರಿ ಕೂಡ ಕಿವುಡರು, ಕಿವುಡ ಮಕ್ಕಳಿಗೆ ಪಾಠ ಹೇಳುತ್ತಿದ್ದವರು. 1898ರಲ್ಲಿ ಮದುವೆ. ಇಬ್ಬರೂ ಸಿನ್ಸಿನಾಟಿ ಹತ್ತಿರದ ಮೌಂಟ್ ಹೆಲ್ದಿಯಲ್ಲಿ ಹೈನುಗಾರಿಕೆ ಮಾಡಿದರು. ಅವರ ಮನೆಯ ಕರೆಗಂಟೆಯ ಬಗ್ಗೆ ಕ್ರಾಫರ್ಡ್ ಹೇಳಿದ್ದು ನನಗೆ ತುಂಬಾ ಇಷ್ಟ. ಬಾಗಿಲ ಪಕ್ಕದ ಹಿಡಿಕೆ ಎಳೆದರೆ ಒಳಗೆ ಸೀಸದ ಗುಂಡೊಂದು ನೆಲಕ್ಕೆ ಬೀಳುತ್ತಿತ್ತು. ನೆಲ ಅದುರಿದರೆ ಯಾರೋ ಬಂದಿದ್ದಾರೆ ಅಂತ ಅರ್ಥ. ಓಶ್‌ಕಾಶ್‌ನಲ್ಲಿ ಮಾಡಿದ್ದನ್ನೇ ಮನೆಯಲ್ಲೂ ಮಾಡಿದ್ದರು, ಅಲ್ವಾ?

ಮೊದಲ ಮಹಾಯುದ್ಧದ ಕಾಲದಲ್ಲಿ ಅಕ್ರಾನ್‌ನ ಗುಡ್‌ಇಯರ್ ಟೈರ್ ಕಾರ್ಖಾನೆ ನೂರಾರು ಕಿವುಡ ಕೆಲಸಗಾರರನ್ನು ಸೇರಿಸಿಕೊಂಡಿತು. ಅವರ ಉಸ್ತುವಾರಿಗೆ ಹೋಯ್ ಹೋದರು. ಮಗ ಕಾರ್ಸನ್ ಒಹಾಯೊದಲ್ಲಿ ನ್ಯಾಯಾಧೀಶರಾದರು.

1961ರ ಅಕ್ಟೋಬರ್ 7ರಂದು ಸಿನ್ಸಿನಾಟಿಯ ಕ್ರಾಸ್ಲಿ ಫೀಲ್ಡ್‌ನಲ್ಲಿ ವರ್ಲ್ಡ್ ಸೀರೀಸ್‌ನ ಮೂರನೇ ಪಂದ್ಯ. ಮೊದಲ ಚೆಂಡು ಎಸೆಯಲು 99 ವರ್ಷದ ಹೋಯ್ ಅವರನ್ನು ಕರೆದಿದ್ದರು. ಅದೇ ಡಿಸೆಂಬರ್ 15ರಂದು ತೀರಿಕೊಂಡರು.

ಅಮೆರಿಕದ ಕಿವುಡ ಕ್ರೀಡಾಪಟುಗಳ ಸಂಘ 1951ರಲ್ಲೇ ಅವರನ್ನು ತನ್ನ ಗೌರವ ಪಟ್ಟಿಗೆ ಸೇರಿಸಿತ್ತು. 2003ರಲ್ಲಿ ಸಿನ್ಸಿನಾಟಿ ರೆಡ್ಸ್ ತಂಡವೂ ಸೇರಿಸಿಕೊಂಡಿತು. ವಾಷಿಂಗ್ಟನ್‌ನ ಗ್ಯಾಲೊಡೆಟ್ ವಿಶ್ವವಿದ್ಯಾಲಯ ಕಿವುಡ ವಿದ್ಯಾರ್ಥಿಗಳದ್ದು. ಅಲ್ಲಿಯ ಬೇಸ್‌ಬಾಲ್ ಮೈದಾನಕ್ಕೆ ಹೋಯ್ ಹೆಸರಿದೆ. ಕೂಪರ್ಸ್‌ಟೌನ್‌ನಲ್ಲಿ ಮಾತ್ರ ಅವರ ಫಲಕವಿಲ್ಲ.

ಅದಕ್ಕಾಗಿ ಕಿವುಡ ಸಮುದಾಯ ದಶಕಗಳಿಂದ ಒತ್ತಾಯ ಮಾಡುತ್ತಲೇ ಇದೆ. ಆ ವಾದದಲ್ಲಿ ಅಂಪೈರ್ ಸನ್ನೆಯ ಕಥೆಯನ್ನೇ ಮುಂದಿಟ್ಟರೆ, ಸಾಕ್ಷಿ ಎಲ್ಲಿ ಅಂತ ಎದುರಿನವರು ಕೇಳುತ್ತಾರೆ, ಮಾತು ಅಲ್ಲಿಗೇ ನಿಲ್ಲುತ್ತದೆ. ಅದರ ಬದಲು 82 ಕದ್ದ ಬೇಸ್, ಸಾವಿರ ದಾಟಿದ ವಾಕ್, ಹೋಮ್ ಪ್ಲೇಟ್‌ಗೆ ಎಸೆದ ಆ ಮೂರು ಚೆಂಡು, ಜೊತೆಗಾರರಿಗೆ ಬರೆದ ಆ ಸೂಚನೆ, ಇವನ್ನು ಮುಂದಿಡಬೇಕು. ಇವಕ್ಕೆಲ್ಲ ದಾಖಲೆ ಇದೆ.